ಲೈಮನ್‌ನ ಸೀಟಿ

ಟ್ಯಾಮರಾಕ್ ದಕ್ಕೆ, ಕೂಟನೀ ಹೊಳೆ, ಮೊಂಟಾನಾ
೧೧ ಫೆಬ್ರವರಿ ೧೮೯೩

ಅಮ್ಮನಿಗೆ,

ನಾಲ್ಕು ವರ್ಷದ ಮೇಲೆ ನನ್ನ ಕೈಬರಹ ಕಂಡು ಯಾರೋ ತೀರಿಕೊಂಡಿರಬೇಕು ಎಂದುಕೊಳ್ಳಬೇಡ. ಎಲ್ಲರೂ ಚೆನ್ನಾಗಿದ್ದೇವೆ. ಎಲ್ಲರೂ ಎಂದರೆ ನಾನು ಮತ್ತು ಲವೀನಾ. ಮದುವೆಯಾದಾಗ ನಿನಗೆ ಬರೆದಿದ್ದೆ. ಉತ್ತರ ದಾರಿಯಲ್ಲೆಲ್ಲೋ ಕಳೆದಿರಬೇಕು ಎಂದು ಅವಳಿಗೆ ಹೇಳಿದ್ದೇನೆ.

ನಾನು ಹಡಗು ಕಟ್ಟುತ್ತಿದ್ದೇನೆ ಅಮ್ಮ. ಹೊಳೆಯ ಈ ಭಾಗದಲ್ಲಿ ಇದುವರೆಗೆ ಯಾರೂ ಉಗಿಹಡಗು ಓಡಿಸಿಲ್ಲ. ಮೇಲಿನ ಗಣಿಗಳ ಅದಿರು ಹೇಸರಗತ್ತೆಗಳ ಬೆನ್ನ ಮೇಲೆ ಬೆಟ್ಟ ಇಳಿದು ರೈಲಿಗೆ ಬರುತ್ತದೆ. ಅಷ್ಟರಲ್ಲಿ ಕತ್ತೆಗೂ ಗಣಿಯವನಿಗೂ ಮುಪ್ಪು. ನನ್ನ ಹಡಗಿನ ಒಡಲು ಮುಗಿದು ದಡದಲ್ಲಿ ದಿಮ್ಮಿಗಳ ಮೇಲೆ ಕೂತಿದೆ. ಚಪ್ಪಟೆ ತಳ, ಹಿಂದೆ ಚಕ್ರ, ಥೇಟ್ ಅಪ್ಪ ಕಟ್ಟುತ್ತಿದ್ದ ಹಾಗೆ. ಇಲ್ಲಿಯವರು ಹಿಂದೆ ಚಕ್ರವಿರುವ ಹಡಗು ಕಂಡವರಲ್ಲ. ಸಾಮಿಲ್ಲಿನ ಡಫಿ ದಿನವೂ ಬಂದು ಸೊಂಟದ ಮೇಲೆ ಕೈಯಿಟ್ಟು ನಿಲ್ಲುತ್ತಾನೆ. "ಏನಯ್ಯಾ, ಗಿರಣಿಗೆ ದೋಣಿ ಕಟ್ಟಿದೀಯೋ, ದೋಣಿಗೆ ಗಿರಣಿ ಕಟ್ಟಿದೀಯೋ?" ಪಕ್ಕದಲ್ಲಿ ಚಕ್ರವಿಟ್ಟರೆ ತೇಲಿ ಬರುವ ಮರದ ಬೊಡ್ಡೆಗಳು ಮೊದಲ ದಿನವೇ ಅದನ್ನು ಪುಡಿ ಮಾಡುತ್ತವೆ, ಹಿಂದಿದ್ದರೆ ಹಡಗಿನ ಮೈಯೇ ಅದಕ್ಕೆ ಮರೆ ಎಂದು ವಿವರಿಸಿದೆ. "ಓಹೋ, ಹೆಂಡ್ತಿ ಸೆರಗಲ್ಲಿ ಅವಿತ್ಕೊಳ್ಳೋ ಜಾತಿ ಚಕ್ರ" ಎಂದ.

ನಿನ್ನ ಕೊಟ್ಟಿಗೆಯಲ್ಲಿ, ಹುಲ್ಲಿನಡಿ, ‘ಕೆಟೂರಾ’ ಹಡಗಿನ ಎರಡು ಎಂಜಿನ್ ಮಲಗಿವೆ. ಒಂದು ಹಡಗು ಸತ್ತರೆ ಅದರ ಎಂಜಿನ್ ಇನ್ನೊಂದಕ್ಕೆ ಹೋಗುವುದು ನಮ್ಮವರಲ್ಲಿ ಇದ್ದದ್ದೇ. ಅಪ್ಪ ನಿನ್ನ ಹೆಸರಿಟ್ಟ ಆ ಹಡಗಿಗೂ ಅವು ಮುಳುಗಿದ ಮತ್ತೊಂದರಿಂದ ಬಂದವು. ಕೊಡುತ್ತೀಯಾ? ಜೊತೆಗೆ ಅದರ ಆ ಮೂರು ಕೊಳವೆಯ ಹಿತ್ತಾಳೆ ಉಗಿಸೀಟಿಯನ್ನೂ ಕೊಡು. ಇಲ್ಲೊಂದು ಕಮರಿಯಿದೆ. ತಿರುವಿನಾಚೆ ಏನಿದೆ ಎಂದು ಕಾಣುವುದಿಲ್ಲ, ನೀರಿನ ಅಬ್ಬರದಲ್ಲಿ ಎದುರು ನಿಂತವನ ಮಾತೂ ಕೇಳುವುದಿಲ್ಲ. ಆ ದಪ್ಪ ದನಿಯಾದರೆ ಕೇಳಿಸೀತು. ಸೀಟಿ ಅಪ್ಪನಿಂದ ಲೈಮನ್‌ಗೆ ಹೋಯಿತು. ಅಣ್ಣನ ನಂತರ ನಾನಲ್ಲವೆ?

ನಿನ್ನ ಮಗ
ಅಬ್ನರ್

ಮರೆತಿದ್ದೆ. ಹಡಗು ನೀರಿಗಿಳಿದ ಮೇಲೆ ಲಕೋಟೆಯ ಮೇಲೆ ‘ಮಿಸ್ಟರ್’ ಬದಲು ‘ಕ್ಯಾಪ್ಟನ್’ ಎಂದು ಬರೆಯಬಹುದು. ಇಲ್ಲಿಯ ಅಂಚೆಯವನು ಪ್ರತಿ ಲಕೋಟೆಯನ್ನೂ ಊರಿಗೆಲ್ಲ ಕೇಳುವ ಹಾಗೆ ಓದುತ್ತಾನೆ.

*

ಉಮಟಿಲ್ಲಾ, ಓರೆಗಾನ್
೬ ಮಾರ್ಚ್ ೧೮೯೩

ಅಬ್ನರ್,

ದಾರಿಯಲ್ಲಿ ಏನೂ ಕಳೆದಿಲ್ಲ. ನಿನ್ನ ಮದುವೆಯ ಕಾಗದ ನನಗೆ ತಲುಪಿತ್ತು. ಹೋಟೆಲಿನಲ್ಲಿ ತಟ್ಟೆ ತೊಳೆಯುವವಳೊಬ್ಬಳು ಸಿಕ್ಕಿದಳು ಎಂಬುದಕ್ಕೆ ಏನೆಂದು ಉತ್ತರ ಬರೆಯಬೇಕಿತ್ತು?

ಎಂಜಿನ್ ತೆಗೆದುಕೊಂಡು ಹೋಗು. ಬರೀ ಕಬ್ಬಿಣ. ಕೋಳಿಗಳು ಅದರಡಿ ಮೊಟ್ಟೆಯಿಡುತ್ತವೆ, ಬಗ್ಗಿ ತೆಗೆಯುವಷ್ಟರಲ್ಲಿ ನನ್ನ ಸೊಂಟ ಹೋಗುತ್ತದೆ. ಆದರೆ ಒಂದು ಮಾತು. ಹಡಗಿಗೆ ನಿನ್ನ ಅಣ್ಣನ ಹೆಸರು ಬರೆಸಬೇಕು. ಎರಡೂ ಪಕ್ಕದಲ್ಲಿ, ಪೂರ್ತಿ ಹೆಸರು. ಅವಳ ಹೆಸರು ಬರೆಸುವ ಹುಚ್ಚು ನಿನಗೆ ಬಂದಿರುತ್ತದೆ, ನನಗೆ ಗೊತ್ತು. ನಿಮ್ಮಪ್ಪ ನನ್ನ ಹೆಸರು ಬರೆಸಿದ ಹಡಗು ಏನು ಮಾಡಿತು ಎಂದು ನೋಡಿದ್ದೀಯಲ್ಲ.

ಸೀಟಿ ಕೊಡುವುದಿಲ್ಲ. ಅದು ಲೈಮನ್‌ನ ದನಿ. ಅವನು ಊರು ಮುಟ್ಟುವ ಮೊದಲೇ ಒಂದು ಉದ್ದ, ಒಂದು ಗಿಡ್ಡ ಊದುತ್ತಿದ್ದ, ನಾನು ಕಾಫಿಗೆ ನೀರಿಡುತ್ತಿದ್ದೆ. ಹಡಗು ಬಂಡೆಗೆ ಬಡಿದ ದಿನ ನೀವಿಬ್ಬರೂ ಅದರಲ್ಲಿದ್ದಿರಿ. ಈಜಿ ದಡ ಸೇರಿದವನು ನೀನು. ನಿನ್ನದು ತಪ್ಪೆಂದು ನಾನು ಎಂದೂ ಹೇಳಿಲ್ಲ. ಹೊಳೆಗೆ ಇಬ್ಬರಲ್ಲಿ ಒಬ್ಬನನ್ನು ಬಿಡುವ ಮನಸ್ಸಾಯಿತು, ಅದು ಬಿಟ್ಟದ್ದು ನಿನ್ನನ್ನು. ಆ ಸೀಟಿ ಕೇಳಿ ಲೈಮನ್ ಬಂದನೆಂದು ಜನ ಬಾಗಿಲಿಗೆ ಓಡಿ ಬಂದು, ನೋಡಿದರೆ ಅಲ್ಲಿ ನೀನು ನಿಂತಿರುವುದು ನನಗೆ ಬೇಡ.

ಕ್ಯಾಪ್ಟನ್ ವಿಷಯ. ನಿಮ್ಮಪ್ಪ ಕ್ಯಾಪ್ಟನ್ ಆಗಿದ್ದರು. ಲೈಮನ್ ಕ್ಯಾಪ್ಟನ್ ಆಗಿದ್ದ. ನಿನ್ನದು ನೋಡೋಣ.

ಕೆಟೂರಾ ಹ್ಯಾಸ್ಕೆಲ್

*

ಟ್ಯಾಮರಾಕ್ ದಕ್ಕೆ
೨೫ ಜೂನ್ ೧೮೯೩

ಅಮ್ಮ,

ಓಡಿತು! ಊರಿಗೆ ಊರೇ ದಡದಲ್ಲಿತ್ತು. ಇಷ್ಟು ದಿನ ನಕ್ಕವರು ಚಕ್ರ ತಿರುಗಿದಾಗ ಟೋಪಿ ಹಾರಿಸಿದರು. ಎಂಜಿನ್ ಕೆಮ್ಮಿತು, ಆಮೇಲೆ ಸಲೀಸಾಗಿ ಉಸಿರಾಡಿತು. ಕೆಂಪು ಬಣ್ಣದಲ್ಲಿ ಎರಡೂ ಪಕ್ಕದಲ್ಲಿ ‘ಲೈಮನ್ ಹ್ಯಾಸ್ಕೆಲ್’ ಎಂದು ಬರೆಸಿದ್ದೇನೆ. ಲವೀನಾಳ ಹೆಸರನ್ನು ಬರೆಸುವುದಾಗಿ ಮಾತು ಕೊಟ್ಟಿದ್ದೆ, ಅದನ್ನು ಮುರಿಯುವಾಗ ಅವಳ ಮುಖ ನೋಡಲಾಗಲಿಲ್ಲ. ಅವಳೇ ನಕ್ಕುಬಿಟ್ಟಳು. "ಹೋಗ್ಲಿ ಬಿಡಿ. ಭಾವನೋರಿಗೆ ಹೊರಗಡೆ ಹಲಗೆ, ನಂಗೆ ಒಳಗಡೆ ಒಲೆ. ಬೆಚ್ಚಗಿರೋ ಜಾಗ ನಂದೇ ಅಲ್ವಾ?" ಹಡಗಿನ ಅಡುಗೆ ಅವಳದೇ.

ಕಮರಿ ಹತ್ತುವುದನ್ನು ನೀನು ನೋಡಬೇಕಿತ್ತು. ಚಕ್ರ ಪೂರ್ತಿ ಬಲದಲ್ಲಿ ತಿರುಗಿದರೂ ಹಡಗು ನಿಂತಲ್ಲೇ ನಿಲ್ಲುತ್ತದೆ. ಆಗ ಉಕ್ಕಿನ ಹಗ್ಗವನ್ನು ಬಂಡೆಗೆ ಬಡಿದ ಕಬ್ಬಿಣದ ಬಳೆಗೆ ಕಟ್ಟಿ, ಮುಂಭಾಗದ ರಾಟೆಗೆ ಸುತ್ತಿ, ಹಡಗು ತನ್ನನ್ನು ತಾನೇ ಜಗ್ಗಿಕೊಂಡು ಗೇಣು ಗೇಣಾಗಿ ಹತ್ತಬೇಕು. ಅಪ್ಪ ಮಾಡುತ್ತಿದ್ದುದನ್ನು ನೋಡಿ ಕಲಿತದ್ದನ್ನು ಕೈ ಮರೆತಿರಲಿಲ್ಲ. ಇಳಿಯುವುದು ಇನ್ನೂ ಕಷ್ಟ. ಚಕ್ರವನ್ನು ಹಿಂದಕ್ಕೆ ತಿರುಗಿಸುತ್ತಾ ನೀರಿಗಿಂತ ನಿಧಾನವಾಗಿ ಜಾರಬೇಕು, ಇಲ್ಲದಿದ್ದರೆ ಚುಕ್ಕಾಣಿ ಮಾತು ಕೇಳುವುದಿಲ್ಲ. ಒಮ್ಮೆ ಜಾರಲು ಶುರುವಾದರೆ ನಿಲ್ಲಿಸುವುದು ದೇವರಿಗೂ ಆಗದು.

ಡಫಿ ತನ್ನ ಸಾಮಿಲ್ಲಿನ ಸೀಟಿಯನ್ನು ಬಿಚ್ಚಿ ಕೊಟ್ಟಿದ್ದಾನೆ. ಬೆರಳುದ್ದದ್ದು. ಊದಿದರೆ ಹಂದಿಮರಿಯ ಬಾಲ ತುಳಿದ ಹಾಗೆ. ಮೊದಲ ಸಲ ಊದಿದಾಗ ದಡದಲ್ಲಿದ್ದವರೆಲ್ಲ ಹೊಟ್ಟೆ ಹಿಡಿದುಕೊಂಡರು. ಆ ಇನ್ನೊಂದನ್ನು ಕಳಿಸು ಅಮ್ಮ. ಅಣ್ಣ ಬರುತ್ತಿದ್ದ ಹಾಗೆ ಉದ್ದ-ಗಿಡ್ಡ ಊದುವುದಿಲ್ಲ, ಬೇರೆ ಥರ ಊದುತ್ತೇನೆ, ಆಣೆ.

ಅಬ್ನರ್ (ಸರ್ಕಾರದ ಪರವಾನಗಿಯಲ್ಲಿ ಕ್ಯಾಪ್ಟನ್)

*

ಟ್ಯಾಮರಾಕ್ ದಕ್ಕೆ
೧೭ ಸೆಪ್ಟೆಂಬರ್ ೧೮೯೩

ಅತ್ತೆಯವರಿಗೆ ಲವೀನಾಳ ನಮಸ್ಕಾರಗಳು.

ನೀವು ನನ್ನನ್ನು ನೋಡಿಲ್ಲ. ನೋಡುವಂಥದ್ದೇನೂ ಇಲ್ಲ, ಮೂಗು ಸ್ವಲ್ಪ ದಪ್ಪ. ನಿಮ್ಮ ಮಗ ಕಾಗದ ಹಾಕಿ ಉತ್ತರಕ್ಕೆ ಕಾಯುವುದನ್ನು ನೋಡಲಾರದೆ, ಅವರಿಗೆ ಹೇಳದೆ ಬರೆಯುತ್ತಿದ್ದೇನೆ. ಅಂಚೆ ಬರುವ ದಿನ ಅವರು ಕಾಫಿಗೆ ಉಪ್ಪು ಹಾಕಿಕೊಂಡರೂ ತಿಳಿಯುವುದಿಲ್ಲ. ನಾನು ಒಂದು ಸಲ ಹಾಕಿ ನೋಡಿದೆ.

ಹೊಳೆಗೆ ಎರಡನೇ ಹಡಗು ಬಂದಿದೆ. ಸ್ಟ್ರಿಂಗರ್ ಎಂಬಾತನದು. ನಾವು ದಾರಿ ಮಾಡಿದೆವು, ಅವನು ಹಿಂದೆಯೇ ಬಂದ. ಮನುಷ್ಯ ಕೆಟ್ಟವನಲ್ಲ, ಆದರೆ ಕಮರಿಗೆ ಈಗ ಇಬ್ಬರು. ಅದಕ್ಕೇ ಇಬ್ಬರೂ ಕೂತು ಒಂದು ನೇಮ ಮಾಡಿಕೊಂಡಿದ್ದಾರೆ. ಇಳಿಯುವ ಹಡಗು ಕಮರಿಯ ಬಾಯಲ್ಲಿ ನಿಂತು ಒಂದು ಉದ್ದ ಸೀಟಿ ಊದಬೇಕು. ಕೆಳಗೆ ಯಾರಾದರೂ ಹಗ್ಗ ಕಟ್ಟಿ ಹತ್ತುತ್ತಿದ್ದರೆ ಗಿಡ್ಡ ಗಿಡ್ಡವಾಗಿ ಊದಿ ‘ನಿಲ್ಲು’ ಎನ್ನಬೇಕು. ಉತ್ತರ ಬರದಿದ್ದರೆ ದಾರಿ ಖಾಲಿ ಎಂದರ್ಥ. ನೇಮವೇನೋ ಚೆನ್ನಾಗಿದೆ, ಆದರೆ ನಮ್ಮ ಸೀಟಿ ಹಡಗಿನ ಮುಂದಿನಿಂದ ಹಿಂದಕ್ಕೆ ಕೇಳಿಸಿದರೆ ಹೆಚ್ಚು! ಹಾಗಾಗಿ ಕಮರಿ ಬಂದಾಗ ನಾನು ಅಡುಗೆಮನೆಯ ಬಾಗಿಲಲ್ಲಿ ನಿಂತು ದೊಡ್ಡ ಬಾಣಲೆಯನ್ನು ಸೌಟಿನಿಂದ ಬಡಿಯುತ್ತೇನೆ. ಹಡಗಿನ ಹುಡುಗರು ನಗುತ್ತಾರೆ. "ಅಕ್ಕ, ಹೊಳೇನ ಊಟಕ್ಕೆ ಕರೀತಿದೀರಾ?" ಎಂದು ಕೇಳುತ್ತಾರೆ. ಈಗ ನೀರು ಕಡಿಮೆ, ನಗಬಹುದು. ಬೆಟ್ಟದ ಹಿಮ ಕರಗಿ ಹೊಳೆ ತುಂಬಿದಾಗ ಏನೋ ಎಂದು ನನಗೆ ನಿದ್ದೆ ಬರುವುದಿಲ್ಲ.

ಸೀಟಿ ಕಳಿಸಿಕೊಡಿ ಅತ್ತೆ. ಅದರ ಬೆಲೆ ನನಗೆ ಗೊತ್ತು. ದಿನಾ ಹೊಳಪು ಕೊಡುತ್ತೇನೆ. ವರ್ಷಕ್ಕೊಮ್ಮೆ, ಚಳಿಗಾಲದಲ್ಲಿ ಹೊಳೆ ಹೆಪ್ಪುಗಟ್ಟಿದಾಗ, ಬಿಚ್ಚಿ ನಿಮಗೆ ಕಳಿಸುತ್ತೇನೆ, ವಸಂತಕ್ಕೆ ನೀವು ಮತ್ತೆ ಕಳಿಸಿ. ಇಬ್ಬರೂ ಹಂಚಿಕೊಳ್ಳೋಣ.

ನಿಮ್ಮ ಸೊಸೆ
ಲವೀನಾ

*

ಉಮಟಿಲ್ಲಾ
೪ ಅಕ್ಟೋಬರ್ ೧೮೯೩

ಲವೀನಾ ಅವರಿಗೆ,

ಗಂಡನಿಗೆ ಹೇಳದೆ ಅವನ ತಾಯಿಗೆ ಕಾಗದ ಬರೆಯುವುದು ನೀವು ಬೆಳೆದ ಕಡೆ ಒಳ್ಳೆಯ ನಡತೆ ಇರಬಹುದು.

ಸೀಟಿ ಹಂಚಿಕೊಳ್ಳುವ ಪಾತ್ರೆಯಲ್ಲ. ನನ್ನ ಊಟದ ಕೋಣೆಯ ಕಪಾಟಿನಲ್ಲಿ, ಲೈಮನ್‌ನ ಚಿತ್ರದ ಕೆಳಗೆ ಇದೆ. ಅದಕ್ಕೆ ಹೊಳಪು ಕೊಡಲು ನನಗೆ ಕೈಗಳಿವೆ. ನನ್ನ ಗಂಡ ಇದಕ್ಕಿಂತ ದೊಡ್ಡ ಹೊಳೆಗಳಲ್ಲಿ ಹೆದರದೆ ಹಡಗು ನಡೆಸಿದರು. ಹೆದರಿಕೆಯಾದರೆ ನಿಮ್ಮ ಗಂಡನಿಗೆ ಬೇರೆ ಕಸುಬು ಹಿಡಿಯಲು ಹೇಳಿ.

ಬಾಣಲೆ ಬಡಿಯುವುದು ನಿಮಗೆ ಚೆನ್ನಾಗಿ ಬರುತ್ತದೆ ಎಂದು ಕಾಣುತ್ತದೆ. ಅದನ್ನೇ ಮುಂದುವರಿಸಿ.

ಕೆಟೂರಾ ಹ್ಯಾಸ್ಕೆಲ್

*

ಟ್ಯಾಮರಾಕ್ ದಕ್ಕೆ
೨ ಜೂನ್ ೧೮೯೪

ಅಮ್ಮ,

ಹಡಗು ಹೋಯಿತು. ಲವೀನಾ ಹೋದಳು.

ನೀರು ಎಂದೂ ಇಲ್ಲದಷ್ಟು ಏರಿತ್ತು. ಅದಿರು ತುಂಬಿಕೊಂಡು ಇಳಿಯುತ್ತಿದ್ದೆವು. ಕಮರಿಯ ಬಾಯಲ್ಲಿ ನಿಂತು ಊದಿದೆ. ಉತ್ತರ ಬರಲಿಲ್ಲ. ಮತ್ತೆ ಊದಿದೆ. ಬರಲಿಲ್ಲ. ಇಳಿದೆ. ತಿರುವಿನಾಚೆ ಸ್ಟ್ರಿಂಗರ್‌ನ ಹಡಗು ಹಗ್ಗ ಕಟ್ಟಿ ಹತ್ತುತ್ತಿತ್ತು, ಹಗ್ಗ ಹೊಳೆಗೆ ಅಡ್ಡ ಬಿಗಿದು ನಿಂತಿತ್ತು. ಚಕ್ರ ಹಿಂದಕ್ಕೆ ತಿರುಗುತ್ತಲೇ ಇತ್ತು, ಏನೂ ಆಗಲಿಲ್ಲ. ಹಗ್ಗಕ್ಕೆ ಸಿಕ್ಕಿ ಹಡಗು ಅಡ್ಡಲಾಗಿ ತಿರುಗಿ ಬಂಡೆಗೆ ಬಡಿಯಿತು. ನಾವೆಲ್ಲ ಬಂಡೆಯ ಮೇಲೆ ಹಾರಿದೆವು. ಅಡುಗೆಮನೆಯ ಬಾಗಿಲು ಹೊಳೆಯ ಕಡೆಗಿತ್ತು. ಅವಳು ಆ ಬಾಗಿಲಲ್ಲಿ ನಿಂತು ಬಾಣಲೆ ಬಡಿಯುತ್ತಿದ್ದಳು.

ವಿಚಾರಣೆಯಲ್ಲಿ ಸ್ಟ್ರಿಂಗರ್ ಅತ್ತ. "ಏನೋ ಕೀಚ್ ಅಂತು ಸ್ವಾಮಿ. ಹಕ್ಕಿ ಅಂದ್ಕೊಂಡೆ" ಎಂದ. ಅವನು ಸುಳ್ಳು ಹೇಳುವವನಲ್ಲ.

ಅಡುಗೆಮನೆಯ ಮುರಿದ ಹಲಗೆಗಳ ಜೊತೆ ಬಾಣಲೆ ಮೂರು ಮೈಲಿ ಕೆಳಗೆ ಮರಳಿನಲ್ಲಿ ಸಿಕ್ಕಿತು. ಅವಳು ಸಿಗಲಿಲ್ಲ. ಅವಳ ಪೆಟ್ಟಿಗೆಯಲ್ಲಿ ನಿನ್ನ ಅಕ್ಟೋಬರ್ ತಿಂಗಳ ಕಾಗದ ಇತ್ತು. ಅವಳು ನನಗೆ ತೋರಿಸಿರಲಿಲ್ಲ. ಈಗ ಓದಿದೆ.

ಅಬ್ನರ್

*

ಉಮಟಿಲ್ಲಾ
೨೦ ಜೂನ್ ೧೮೯೪

ಅಬ್ನರ್,

ಪತ್ರಿಕೆಯಲ್ಲಿಯೂ ಬಂದಿತ್ತು. "ಲೈಮನ್ ಹ್ಯಾಸ್ಕೆಲ್ ಕಮರಿಯಲ್ಲಿ ಮುಳುಗಡೆ" ಎಂದು ದಪ್ಪ ಅಕ್ಷರದಲ್ಲಿ. ಚರ್ಚಿನ ಹೆಂಗಸರು ಅದನ್ನು ಹಿಡಿದುಕೊಂಡು ಬಂದರು, ನಾನು ಬಾಗಿಲು ತೆಗೆಯಲಿಲ್ಲ. ಅಣ್ಣನನ್ನು ಎರಡು ಸಲ ಮುಳುಗಿಸಿದೆ ನೀನು.

ಎಂಜಿನ್ ಮೇಲೆತ್ತಿದರೆ ಬೇರೆ ಯಾರಿಗಾದರೂ ಕೊಡು. ನನ್ನ ಕೊಟ್ಟಿಗೆಗೆ ಬೇಡ.

ಸೀಟಿಯನ್ನು ಇದರೊಂದಿಗೆ ರೈಲಿನಲ್ಲಿ ಕಳಿಸುತ್ತಿದ್ದೇನೆ. ಉಪ್ಪಿನಕಾಯಿ ಜಾಡಿಗಳಿಗೆ ಕಪಾಟಿನಲ್ಲಿ ಜಾಗ ಬೇಕಾಗಿದೆ. ಅದಕ್ಕೇ ಕಳಿಸುತ್ತಿರುವುದು, ಬೇರೇನೂ ಅಲ್ಲ. ಫ್ಲಾನೆಲ್ ಬಟ್ಟೆಯಲ್ಲಿ ಸುತ್ತಿದ್ದೇನೆ. ಸೀಟಿಯ ಕವಾಟಕ್ಕೆ ಕೊಬ್ಬು ಸವರಬೇಕು, ಇಲ್ಲದಿದ್ದರೆ ಹಿಡಿದುಕೊಳ್ಳುತ್ತದೆ.

ಕೆಟೂರಾ ಹ್ಯಾಸ್ಕೆಲ್

*

ಟ್ಯಾಮರಾಕ್ ದಕ್ಕೆ
೧೪ ನವೆಂಬರ್ ೧೮೯೪

ಅಮ್ಮ,

ಸೀಟಿ ಜುಲೈನಲ್ಲೇ ತಲುಪಿತು. ಬಿಚ್ಚದೆ ಮಂಚದಡಿ ಇಟ್ಟಿದ್ದೆ. ಡಫಿ ತನ್ನ ಸೀಟಿಯನ್ನು ಕೊಟ್ಟು ಕಳೆದುಕೊಂಡವನು, ಅವನಿಗೆ ನಾನೊಂದು ಸೀಟಿ ಕೊಡಬೇಕಿತ್ತು. ಹೋದ ತಿಂಗಳು ಇದನ್ನು ಕೊಟ್ಟೆ.

ಈಗ ಅದು ಸಾಮಿಲ್ಲಿನ ಬಾಯ್ಲರ್ ಮೇಲಿದೆ. ಒಳ್ಳೆಯ ದನಿ. ಲೈಮನ್‌ನ ದನಿ ಎಂದು ನೀನು ಹೇಳಿದ್ದು ಸರಿ. ಮೊದಲ ದಿನ ಡಫಿ ಹಗ್ಗ ಎಳೆದಾಗ ಬೆಟ್ಟ ಗುಂಯ್‌ಗುಟ್ಟಿತು. ಕಮರಿಯ ಬಳಿ ಸೌದೆ ಕಡಿಯುವವರಿಗೂ ಸ್ಪಷ್ಟವಾಗಿ ಕೇಳಿಸಿತಂತೆ. ಕೇಳಿ ತಿಳಿದುಕೊಂಡೆ.

ಪ್ರತಿ ಮಧ್ಯಾಹ್ನ ಅದು ಕೂಗುತ್ತದೆ. ಜನ ಗರಗಸ ಬಿಟ್ಟು ತಟ್ಟೆ ಹಿಡಿದು ಸಾಲು ನಿಲ್ಲುತ್ತಾರೆ. ಹಂದಿ ಕೊಬ್ಬಿನಲ್ಲಿ ಬೇಯಿಸಿದ ಕಾಳು. ಸೀಟಿಯ ಹೆಸರು ನಾನೇ ಹೇಳಿಕೊಟ್ಟೆ, ಈಗ ಎಲ್ಲರ ಬಾಯಲ್ಲೂ ಅದೇ. "ಏಯ್, ಲೈಮನ್ ಕೂಗ್ದ, ಕಾಳು ಬೆಂದಿರ್ಬೇಕು ನಡೀರೋ!" ಕಾಳು ತಿಂದವರು ಆಮೇಲೆ ಮಾಡುವ ಸದ್ದಿಗೂ ಅವರು ಅದೇ ಹೆಸರು ಇಟ್ಟಿದ್ದಾರೆ. ನಾನೂ ನಗುತ್ತೇನೆ.

ಕವಾಟಕ್ಕೆ ಕೊಬ್ಬು ಸವರಿದ್ದೇವೆ. ಕಾಳಿನ ಪಾತ್ರೆಯದು.

ಅಬ್ನರ್

*

ಉಮಟಿಲ್ಲಾ
೨೬ ಫೆಬ್ರವರಿ ೧೮೯೫

ಮಗನೆ,

ನಿನ್ನ ಕಾಗದ ಬಂದು ಬಹಳ ದಿನವಾಯಿತು. ಮೊದಲು ಅದನ್ನು ಒಲೆಗೆ ಹಾಕಬೇಕೆಂದಿದ್ದೆ. ಹಾಕಲಿಲ್ಲ. ನನ್ನನ್ನು ನೋಯಿಸಲು ಬರೆದದ್ದು, ನೋಯಿಸಿತು. ಆದರೆ ಓದುತ್ತಾ ಓದುತ್ತಾ ಒಂದೇ ಮಾತು ಉಳಿಯಿತು. ಅದು ಕೂಗುತ್ತಿದೆ.

ಲೈಮನ್ ಹೋದ ಮೇಲೆ ಅದು ಕೂಗಿಯೇ ಇರಲಿಲ್ಲ. ಕಪಾಟಿನಲ್ಲಿ ಸುಮ್ಮನೆ ಕೂತಿತ್ತು. ಯಾರಿಗೂ ಹೇಳಿಲ್ಲ, ನಿನಗೆ ಹೇಳುತ್ತೇನೆ. ಭಾನುವಾರ ಚರ್ಚಿನಿಂದ ಬಂದ ಮೇಲೆ ಬಾಗಿಲು ಹಾಕಿಕೊಂಡು ಅದಕ್ಕೆ ಬಾಯಿಟ್ಟು ಊದುತ್ತಿದ್ದೆ. ಉಗಿಯಿಲ್ಲದೆ ಅದೇನು ಕೂಗುತ್ತದೆ? ಗಾಳಿ ಹಾದು ಹೋಗುವ ಸದ್ದು, ಅಷ್ಟೆ. ಆದರೂ ಪಕ್ಕದಲ್ಲಿ ಮಲಗಿದ ಮಗುವಿನ ಉಸಿರಿನ ಹಾಗಿರುತ್ತಿತ್ತು. ಅದಕ್ಕೇ ಕೊಡಲಾಗಲಿಲ್ಲ ಅಬ್ನರ್. ಕಳಿಸಿದ ಮೇಲೆ ಭಾನುವಾರಗಳು ಕಳೆಯುವುದೇ ಇಲ್ಲ.

ನನ್ನ ಎಡಗಿವಿ ಪೂರ್ತಿ ಹೋಗಿದೆ. ಬಲಗಿವಿಯೂ ಬೇಸಿಗೆ ಕಳೆಯುವುದರೊಳಗೆ ಹೋಗುತ್ತದೆ ಎಂದು ವೈದ್ಯರು ಹೇಳಿದ್ದಾರೆ. ಅದಕ್ಕೂ ಮೊದಲು ಒಂದು ಸಲ ಕೇಳಬೇಕು. ಏಪ್ರಿಲ್‌ನಲ್ಲಿ ರೈಲಿನಲ್ಲಿ ಬರುತ್ತೇನೆ. ನಿನ್ನ ಮನೆಗೆ ಬರುವುದಿಲ್ಲ, ನಿನಗೆ ತೊಂದರೆ ಕೊಡುವುದಿಲ್ಲ. ಮಧ್ಯಾಹ್ನ ದಕ್ಕೆಯ ಮೇಲೆ ನಿಂತು ಕೇಳಿಕೊಂಡು ಸಂಜೆಯ ರೈಲಿಗೆ ಹೊರಟುಹೋಗುತ್ತೇನೆ. ಊಟಕ್ಕೆ ಕೂಗಿದರೂ ನನಗೆ ಬೇಸರವಿಲ್ಲ. ಸಾಧ್ಯವಾದರೆ ಆ ಒಂದು ದಿನ ಉದ್ದ-ಗಿಡ್ಡ ಊದಿಸು.

ಲವೀನಾಳ ಬಗ್ಗೆ ಬರೆಯಬೇಕೆಂದು ಕೂತೆ. ನಾಲ್ಕು ಹಾಳೆ ಹರಿದೆ. ಹೇಗೆ ಬರೆಯಬೇಕೆಂದು ತಿಳಿಯುತ್ತಿಲ್ಲ.

ನಿನ್ನ
ಅಮ್ಮ

*

ಟ್ಯಾಮರಾಕ್ ದಕ್ಕೆ
೧೯ ಮಾರ್ಚ್ ೧೮೯೫

ಅಮ್ಮ,

ನಿನ್ನ ಕಾಗದ ಶನಿವಾರ ಬಂತು. ಅಂಚೆಯವನು ಲಕೋಟೆ ಎತ್ತಿ ಹಿಡಿದು, ಅಂಗಡಿಗೆಲ್ಲ ಕೇಳುವ ಹಾಗೆ ಓದಿದ. "ಕ್ಯಾಪ್ಟನ್ ಅಬ್ನರ್ ಹ್ಯಾಸ್ಕೆಲ್! ಏನ್ ಕ್ಯಾಪ್ಟನ್ರೇ, ಹಡಗು ಎಲ್ಲಿ ಕಟ್ಟಿದೀರಿ?" ಎಲ್ಲರೂ ನಕ್ಕರು. ನಗದೆ ಏನು ಮಾಡಿಯಾರು? ನಾನು ಡಫಿಯ ಬಳಿ ಹಲಗೆ ಹೊರುವವನು.

ನಿನ್ನ ಕೈಯಲ್ಲಿ ‘ಕ್ಯಾಪ್ಟನ್’ ಎಂಬ ಅಕ್ಷರ ಹೇಗೆ ಕಾಣುತ್ತದೆಂದು ಎಷ್ಟೋ ಸಲ ಊಹಿಸಿದ್ದೆ. ಚೆನ್ನಾಗಿ ಬರೆದಿದ್ದೀಯೆ. ನಿನಗೆ ಏನೋ ಬೇಕಾಗಿತ್ತು, ಅದಕ್ಕೆ ಬರೆದೆ. ಮೊದಲ ಸಲ ‘ಮಗನೆ’ ಎಂದದ್ದೂ ಅದಕ್ಕೇ.

ನೀನು ಬರುವುದು ಬೇಡ. ಕಾಗದ ಓದಿದ ಮೇಲೆ ಸಾಮಿಲ್ಲಿಗೆ ಹೋಗಿ ಸೀಟಿಯನ್ನು ಬಿಚ್ಚಿದೆ. ಕುಲುಮೆಯಲ್ಲಿ ಸೀಸ ಕರಗಿಸಿ ಮೂರೂ ಕೊಳವೆಗೆ ಬಾಯಿತನಕ ಹೊಯ್ದೆ. ಡಫಿ ಓಡಿ ಬಂದು ನನ್ನ ಕೈ ಹಿಡಿದ. "ಹುಚ್ಚು ಹಿಡೀತೇನೋ ನಿಂಗೆ? ಎಷ್ಟು ಚೆನ್ನಾಗ್ ಕೂಗ್ತಿತ್ತಲ್ಲೋ!" ಎಂದ. ಅಷ್ಟರಲ್ಲಿ ಸೀಸ ಗಟ್ಟಿಯಾಗಿತ್ತು. ಈಗ ಅವರು ಊಟಕ್ಕೆ ಬಾಣಲೆ ಬಡಿಯುತ್ತಾರೆ. ಮರಳಿನಲ್ಲಿ ಸಿಕ್ಕಿದ್ದನ್ನು ನಾನೇ ಕೊಟ್ಟಿದ್ದೇನೆ.

ಸೀಟಿಯನ್ನು ರೈಲಿಗೆ ಹಾಕಿದ್ದೇನೆ, ಈ ಕಾಗದದ ಹಿಂದೆಯೇ ಬರುತ್ತದೆ. ಫ್ಲಾನೆಲ್ ನಿನ್ನದೇ. ಹೊರಗೆ ಹೊಳಪು ಕೊಟ್ಟಿದ್ದೇನೆ, ನೋಡಲು ಮೊದಲಿನ ಹಾಗೇ ಇದೆ. ಭಾನುವಾರ ಬಾಗಿಲು ಹಾಕಿಕೊಂಡು ಊದಿ ನೋಡು, ಗಾಳಿಯೂ ಹಾಯುವುದಿಲ್ಲ. ತೂಕ ಹೆಚ್ಚಾಗಿದೆ, ಇಳಿಸಿಕೊಳ್ಳಲು ಯಾರನ್ನಾದರೂ ಕರೆ.

ಉಪ್ಪಿನಕಾಯಿ ಜಾಡಿಗಳನ್ನು ತೆಗೆದು ಕಪಾಟಿನಲ್ಲಿ ಜಾಗ ಮಾಡಿಡು.

ಮಿಸ್ಟರ್ ಅಬ್ನರ್ ಹ್ಯಾಸ್ಕೆಲ್